ಎಲ್ಲ ಕೆಲಸ ಬಲ್ಲ ನಿರ್ದೇಶಕಿ ಅಪ್ಪನ ನಿವೇಶನ ಮಾರಿಸಬೇಕೇ?

ಪ್ರಶ್ನೆ: ನನಗೆ 31 ವರ್ಷ, ಊರು ಧಾರವಾಡ. ಎಂಜಿನಿಯರಿಂಗ್ ಮುಗಿಸಿ ಹಿಡಿದ ಕೆಲಸವನ್ನು ಬಿಟ್ಟು ಆರು ವರ್ಷಗಳ ಹಿಂದೆ ಕ್ಯಾಮೆರಾ ಹಿಡಿದೆ. ಮದುವೆ ವಿಡಿಯೊಗಳಿಂದ ಶುರು ಮಾಡಿ ಬೀಜದ ಕಂಪನಿಗಳ ಜಾಹೀರಾತು, ಸ್ವಯಂಸೇವಾ ಸಂಸ್ಥೆಗಳ ಸಾಕ್ಷ್ಯಚಿತ್ರ, ಮೂರು ಕಿರುಚಿತ್ರ ಮಾಡಿದ್ದೇನೆ. ಬೇರೆಯವರ ಚಿತ್ರಗಳಿಗೆ ಸಂಕಲನ ಮಾಡಿದ್ದೇನೆ, ಎರಡು ಚಿತ್ರಗಳಿಗೆ ಸಿಂಕ್ ಸೌಂಡ್ (ಚಿತ್ರೀಕರಣದ ಸ್ಥಳದಲ್ಲೇ ಧ್ವನಿಗ್ರಹಣ) ಕೂಡ. ಕೌದಿ ಹೊಲಿಯುವ ಹೆಂಗಸರ ಬಗ್ಗೆ 48 ನಿಮಿಷದ ಸಾಕ್ಷ್ಯಚಿತ್ರವೊಂದು ಸಿದ್ಧವಾಗಿದೆ. ಅದರ ಸ್ವಲ್ಪ ಭಾಗವನ್ನು ಒಂದು ಸಂಸ್ಥೆಯ ಕೆಲಸಕ್ಕೆ ಹೋದಾಗ ಚಿತ್ರೀಕರಿಸಿದ್ದೆ. ಮುಂಬೈನ ಕಂಪನಿಯೊಂದು ಅದನ್ನು ಒಟಿಟಿಗೆ ಕೊಡಿಸುತ್ತೇವೆಂದು ಒಪ್ಪಂದ ಕಳುಹಿಸಿದೆ. ಮುಂಗಡ ಇಲ್ಲ, ಎಲ್ಲ ಹಕ್ಕುಗಳೂ ಅವರಿಗೆ ಶಾಶ್ವತವಾಗಿ ಸೇರುತ್ತವೆ. ಈ ನಡುವೆ ಗಾಂಧಿನಗರದ ನಿರ್ಮಾಪಕರೊಬ್ಬರು ‘ಎಲ್ಲದರಲ್ಲೂ ಕೈಯಾಡಿಸುವವರನ್ನು ಇಲ್ಲಿ ಯಾರೂ ನಂಬುವುದಿಲ್ಲ, ಯಾವುದಾದರೂ ಒಂದನ್ನು ಹಿಡಿ’ ಎಂದರು. 1998ರಲ್ಲಿ ತೀರಿಕೊಂಡ ಲೇಖಕರೊಬ್ಬರ ಸಣ್ಣಕಥೆಯನ್ನು ಪೂರ್ಣಪ್ರಮಾಣದ ಚಿತ್ರ ಮಾಡಬೇಕೆಂಬುದು ನನ್ನ ಆಸೆ. ಅವರ ಮಗನನ್ನು ಕೇಳಿದಾಗ ‘ಧಾರಾಳವಾಗಿ ಮಾಡಮ್ಮ’ ಎಂದರು. ಅಪ್ಪ ನಿವೇಶನ ಮಾರಿ 25 ಲಕ್ಷ ರೂಪಾಯಿ ಕೊಡಲು ಸಿದ್ಧರಿದ್ದಾರೆ. ಇದಕ್ಕೆ ಸಿಟ್ಟಾಗಿ ನನ್ನ ತಮ್ಮ ನನ್ನೊಡನೆ ಮಾತು ಬಿಟ್ಟಿದ್ದಾನೆ. ನಾನು ಏನು ಮಾಡಲಿ? ಬೆಂಗಳೂರಿಗೆ ಬಂದುಬಿಡಲೇ?

ಉತ್ತರ: ಎಲ್ಲವನ್ನೂ ಬಲ್ಲವಳಾಗಿ ಉಳಿಯಲೇ, ಒಂದನ್ನೇ ಹಿಡಿಯಲೇ ಎಂದು ನೀವು ಕೇಳಿದ್ದೀರಿ. ಪತ್ರ ಓದಿದಾಗ ನನಗೆ ಅದರಲ್ಲಿ ಮೂರು ಭಯಗಳು ಕಂಡವು. ಆರು ವರ್ಷಗಳ ದುಡಿಮೆ ಚೆಲ್ಲಾಪಿಲ್ಲಿಯಾಯಿತೇನೋ ಎಂಬ ಭಯ. ಈ ಒಪ್ಪಂದವನ್ನು ಬಿಟ್ಟರೆ ಕೌದಿಯ ಚಿತ್ರ ಹಾರ್ಡ್ ಡಿಸ್ಕಿನಲ್ಲೇ ಉಳಿದುಬಿಡುತ್ತದೆ ಎಂಬ ಭಯ. ಅಪ್ಪ ಕೊಡಲು ಮುಂದಾದದ್ದನ್ನು ಈಗ ತೆಗೆದುಕೊಳ್ಳದಿದ್ದರೆ ಮತ್ತೆಂದೂ ಚಿತ್ರ ಮಾಡಲಾಗದು ಎಂಬ ಭಯ. ಹೆಚ್ಚು ಕಾಯಿಸದೆ ಹೇಳಿಬಿಡುತ್ತೇನೆ: ಒಪ್ಪಂದಕ್ಕೆ ಸಹಿ ಹಾಕಬೇಡಿ, ನಿವೇಶನ ಮಾರಿಸಬೇಡಿ, ಕಲಿತ ಯಾವ ಕೆಲಸವನ್ನೂ ಬಿಡಬೇಡಿ. ಆದರೆ ಆ ಕೆಲಸಗಳನ್ನು ನೀವು ಮಾರುತ್ತಿರುವ ರೀತಿ ಬದಲಾಗಬೇಕು. ಸ್ವತಂತ್ರ ಚಿತ್ರಗಳ ಸಂಕಲನ ಮತ್ತು ನಿರ್ಮಾಣದ ಉಸ್ತುವಾರಿಯಲ್ಲೇ ನನ್ನ ವೃತ್ತಿಜೀವನ ಕಳೆದಿದೆ. ಅಲ್ಲಿ ಕಂಡದ್ದನ್ನು ಆಧರಿಸಿ ಒಂದೊಂದಾಗಿ ಬಿಡಿಸಿ ಹೇಳುತ್ತೇನೆ.

ಮೊದಲು ಆ ನಿರ್ಮಾಪಕರ ಮಾತು. ಹಲವು ಕೆಲಸ ಬಲ್ಲವರು ಮೇಲೆ ಬರುವುದಿಲ್ಲ ಎಂಬುದನ್ನು ನಮ್ಮದೇ ಚಿತ್ರರಂಗದ ಚರಿತ್ರೆ ಒಪ್ಪುವುದಿಲ್ಲ. ಮೈಸೂರಿನ ಎಂ. ಎಸ್. ಸತ್ಯು ಅವರನ್ನು ತೆಗೆದುಕೊಳ್ಳಿ. ರಂಗವಿನ್ಯಾಸ ಮಾಡಿದರು, ನಾಟಕ ನಿರ್ದೇಶಿಸಿದರು, ಚೇತನ್ ಆನಂದ್ ಅವರ ಬಳಿ ಸಹಾಯಕರಾಗಿ ದುಡಿದರು. 1964ರ ‘ಹಕೀಕತ್’ ಚಿತ್ರದ ಕಲಾ ನಿರ್ದೇಶನಕ್ಕೆ ಫಿಲಂಫೇರ್ ಪ್ರಶಸ್ತಿ ಪಡೆದರು. ಇಷ್ಟೆಲ್ಲ ಆದ ಮೇಲೆ ‘ಗರ್ಮ್ ಹವಾ’ ನಿರ್ದೇಶಿಸಿದರು. ದೇಶವಿಭಜನೆಯ ಹೊತ್ತಿನಲ್ಲಿ ಆಗ್ರಾದ ಒಂದು ಮುಸ್ಲಿಂ ಕುಟುಂಬ ಪಟ್ಟ ಪಾಡಿನ ಕಥೆ ಅದು. ಫಿಲಂ ಫೈನಾನ್ಸ್ ಕಾರ್ಪೊರೇಷನ್ ಕೊಟ್ಟದ್ದು ಎರಡೂವರೆ ಲಕ್ಷ ರೂಪಾಯಿ, ಉಳಿದದ್ದು ಸ್ನೇಹಿತರಿಂದ ತಂದ ಸಾಲ. ಧ್ವನಿಗ್ರಹಣದ ಸಲಕರಣೆಗೆ ಹಣ ಸಾಲದೆ ಚಿತ್ರವನ್ನು ಮೂಕವಾಗಿಯೇ ಚಿತ್ರೀಕರಿಸಿ ಮಾತು, ಸದ್ದುಗಳನ್ನೆಲ್ಲ ಆಮೇಲೆ ಸೇರಿಸಿದರು. ಸೆನ್ಸಾರ್‌ನಲ್ಲಿ ತಿಂಗಳುಗಟ್ಟಲೆ ಸಿಕ್ಕಿಕೊಂಡಿದ್ದ ಈ ಚಿತ್ರ ಮೊದಲು ತೆರೆ ಕಂಡದ್ದು 1974ರಲ್ಲಿ, ನಮ್ಮ ಬೆಂಗಳೂರಿನಲ್ಲಿ. ಅದಾದ ಮೇಲೆ ಸತ್ಯು ‘ಕನ್ನೇಶ್ವರ ರಾಮ’, ‘ಚಿತೆಗೂ ಚಿಂತೆ’, ‘ಬರ’ದಂತಹ ಚಿತ್ರಗಳನ್ನು ಮಾಡಿದರು, ನಾಟಕವನ್ನೂ ಕೈಬಿಡಲಿಲ್ಲ. ಎಲ್ಲದರಲ್ಲೂ ಕೈಯಾಡಿಸಿದ್ದರಿಂದ ಅವರು ಕೆಟ್ಟರು ಎಂದು ಹೇಳುವ ಧೈರ್ಯ ಯಾರಿಗಿದೆ?

ಈಗಿನ ಕಾಲದವರೇ ಬೇಕೆಂದರೆ ಪವನ್ ಕುಮಾರ್ ಇದ್ದಾರೆ. ಯೋಗರಾಜ್ ಭಟ್ಟರ ಚಿತ್ರಗಳಿಗೆ ಬರೆದರು, ನಟಿಸಿದರು, ಒಂದು ಚಿತ್ರ ನಿರ್ದೇಶಿಸಿದರು. ಮುಂದಿನ ಕಥೆಗೆ ನಿರ್ಮಾಪಕರು ಸಿಗದಿದ್ದಾಗ ನೇರವಾಗಿ ಪ್ರೇಕ್ಷಕರಿಂದಲೇ ಹಣ ಕೂಡಿಸಿ 2013ರಲ್ಲಿ ‘ಲೂಸಿಯಾ’ ಬಿಡುಗಡೆ ಮಾಡಿದರು. ಅದು ತಮಿಳಿನಲ್ಲಿ ಮತ್ತೆ ತಯಾರಾಯಿತು. 2016ರ ‘ಯೂ ಟರ್ನ್’ ತೆಲುಗು, ತಮಿಳು, ಮಲಯಾಳಂ, ಹಿಂದಿಯನ್ನು ದಾಟಿ ಶ್ರೀಲಂಕಾ, ಫಿಲಿಪೀನ್ಸ್‌ವರೆಗೂ ಹೋಯಿತು. ಒಂದು ಕಥೆ ಹೀಗೆ ಭಾಷೆಯಿಂದ ಭಾಷೆಗೆ ನಡೆಯುವಾಗ ಪ್ರತಿ ಹೆಜ್ಜೆಗೂ ಹಕ್ಕಿನ ಬೆಲೆ ಬರುತ್ತದೆ. ಇದನ್ನು ನೆನಪಿಟ್ಟುಕೊಳ್ಳಿ, ನಿಮ್ಮ ಒಪ್ಪಂದದ ವಿಷಯಕ್ಕೆ ಬಂದಾಗ ಬೇಕಾಗುತ್ತದೆ.

ಹಾಗೆಂದು ಆ ನಿರ್ಮಾಪಕರ ಮಾತನ್ನು ಪೂರ್ತಿ ತಳ್ಳಿಹಾಕುವಂತೆಯೂ ಇಲ್ಲ. ಇನ್ನೊಬ್ಬರು ತಮ್ಮ ಚಿತ್ರಕ್ಕೆ ನಿಮ್ಮನ್ನು ಕರೆಯುವಾಗ ಒಂದೇ ಒಂದು ಕೆಲಸಕ್ಕೆ ಕರೆಯುತ್ತಾರೆ. ಬೆಳಗಿನ ಶೆಡ್ಯೂಲಿಗೆ ಧ್ವನಿಗ್ರಾಹಕರು ಬೇಕು ಎಂದು ನಿರ್ಮಾಣ ವ್ಯವಸ್ಥಾಪಕರು ಫೋನ್ ತೆಗೆದಾಗ ಅವರ ತಲೆಯಲ್ಲಿ ಒಂದು ಹೆಸರು ಬರಬೇಕು. ‘ಆಕೆ ನಿರ್ದೇಶಕಿ, ಮದುವೆ ವಿಡಿಯೊ ಮಾಡುತ್ತಾಳೆ, ಸಂಕಲನವನ್ನೂ ಮಾಡುತ್ತಾಳೆ’ ಎಂಬಷ್ಟೇ ಗುರುತಿದ್ದರೆ ಆ ಫೋನ್ ನಿಮಗೆ ಬರುವುದಿಲ್ಲ. ಎಲ್ಲ ಬಲ್ಲವರಾಗಿರುವುದು ನಿಮ್ಮ ಸ್ವಂತ ಚಿತ್ರಕ್ಕೆ ಬಲ. ಪರರ ಚಿತ್ರದಲ್ಲಿ ಅನ್ನ ಹುಟ್ಟುವುದು ಒಂದು ಕಸುಬಿನ ಹೆಸರಿನಲ್ಲಿ.

ಯಾವ ಕಸುಬು? ನನ್ನನ್ನು ಕೇಳಿದರೆ ಧ್ವನಿ. ಕಿರುಚಿತ್ರಗಳ ಕೊಂಡಿಗಳನ್ನು ನೀವು ಪತ್ರದ ಜೊತೆ ಕಳುಹಿಸಿದ್ದರಿಂದ ಇದನ್ನು ಹೇಳುತ್ತಿದ್ದೇನೆ. ಎರಡನೆಯದರಲ್ಲಿ ಅಜ್ಜಿ ಅಡುಗೆಮನೆಯಿಂದ ಪಡಸಾಲೆಗೆ ಬರುವ ದೃಶ್ಯವಿದೆ. ಅಡುಗೆಮನೆಯಲ್ಲಿ ಮಾತು ಗೋಡೆಗೆ ಬಡಿದು ಗಟ್ಟಿಯಾಗಿ ಕೇಳುತ್ತದೆ. ಹೊಸ್ತಿಲು ದಾಟಿದೊಡನೆ ಬೀದಿಯ ಸದ್ದು ಸಣ್ಣಗೆ ಒಳಗೆ ಬರುತ್ತದೆ, ಅಜ್ಜಿಯ ದನಿ ತುಸು ತೆಳುವಾಗುತ್ತದೆ. ಎರಡೂ ಕೋಣೆಗಳ ಮೌನವನ್ನು ನೀವು ಬೇರೆ ಬೇರೆಯಾಗಿ ಧ್ವನಿಮುದ್ರಿಸಿಕೊಂಡು ಮಾತಿನ ಕೆಳಗೆ ಹಾಸಿದ್ದೀರಿ. ಹೆಚ್ಚಿನವರು ಈ ಕೆಲಸಕ್ಕೆ ಸಮಯವನ್ನೇ ಇಡುವುದಿಲ್ಲ. ‘ಪ್ಯಾಕಪ್’ ಎಂದ ಮೇಲೆ ಒಂದು ನಿಮಿಷ ಎಲ್ಲರೂ ಸುಮ್ಮನಿರಿ ಎಂದರೆ ತಂಡ ಗೊಣಗುತ್ತದೆ. ನೀವು ಸುಮ್ಮನಿರಿಸಿದ್ದೀರಿ, ಅದು ಚಿತ್ರದಲ್ಲಿ ಕೇಳಿಸುತ್ತದೆ. ಕ್ಯಾಮೆರಾ ಹಿಡಿಯುವವರು ಈಗ ಊರೂರಿಗೂ ಇದ್ದಾರೆ. ಸ್ಥಳದಲ್ಲೇ ಶುದ್ಧ ಸಂಭಾಷಣೆ ತಂದುಕೊಡುವವರನ್ನು, ಅದರಲ್ಲೂ ಉತ್ತರ ಕರ್ನಾಟಕದ ಮಾತಿನ ಏರಿಳಿತ ತಿಳಿದವರನ್ನು, ನಾವು ಹುಡುಕಿಕೊಂಡು ಹೋಗಬೇಕಾಗಿದೆ. ನಿಮ್ಮ ಪರಿಚಯಪತ್ರದ ಮೊದಲ ಸಾಲಿನಲ್ಲಿ ಧ್ವನಿಗ್ರಹಣ ಇರಲಿ, ಸಂಕಲನ ಎರಡನೆಯದಾಗಿರಲಿ. ನಿರ್ದೇಶನವನ್ನು ನಿಮ್ಮ ಚಿತ್ರಗಳೇ ಹೇಳುತ್ತವೆ.

ಬಹುಮುಖತೆಯಿಂದ ನಿಮಗೆ ನಿಜವಾಗಿ ಆಗುತ್ತಿರುವ ನಷ್ಟ ಬೇರೆ ಎರಡು ಕಡೆ ಇದೆ. ಅವುಗಳ ಬಗ್ಗೆ ಆ ನಿರ್ಮಾಪಕರು ಏನೂ ಹೇಳಿಲ್ಲ.

ಒಂದು, ದರ. ಸಂಸ್ಥೆಯೊಂದಕ್ಕೆ ನೀವು ಕೊಟ್ಟ ದರಪಟ್ಟಿಯನ್ನು ನೋಡಿದೆ. ‘ಸಾಕ್ಷ್ಯಚಿತ್ರ, 12 ನಿಮಿಷ, ಎಲ್ಲ ಸೇರಿ 40,000 ರೂಪಾಯಿ’. ಒಂದೇ ಸಾಲು! ಆ ಸಾಲಿನ ಒಳಗೆ ಚಿತ್ರಕಥೆ, ಚಿತ್ರೀಕರಣ, ಧ್ವನಿ, ಸಂಕಲನ, ಉಪಶೀರ್ಷಿಕೆ, ಪ್ರಯಾಣ, ಸಲಕರಣೆಯ ಸವಕಳಿ, ಸಂಸ್ಥೆಯವರು ಕೇಳಿದ ತಿದ್ದುಪಡಿಗಳು ಎಲ್ಲವೂ ಇವೆ. ನಾಲ್ಕು ಜನರ ಕೆಲಸವನ್ನು ಒಬ್ಬರೇ ಮಾಡಿ ಒಬ್ಬರ ಕೂಲಿ ಪಡೆಯುತ್ತಿದ್ದೀರಿ. ಕೊಡುವವರಿಗೆ ಉಳಿದ ಮೂವರ ಕೆಲಸ ಕಾಣುವುದೇ ಇಲ್ಲ. ಮುಂದಿನ ದರಪಟ್ಟಿಯಲ್ಲಿ ಪ್ರತಿ ಕೆಲಸಕ್ಕೂ ಒಂದು ಸಾಲು, ಪ್ರತಿ ಸಾಲಿಗೂ ಒಂದು ಮೊತ್ತ ಬರೆಯಿರಿ. ಎರಡು ಸುತ್ತಿನ ತಿದ್ದುಪಡಿ ದರದೊಳಗೆ, ಮೂರನೆಯದಕ್ಕೆ ಬೇರೆ ದರ ಎಂದು ನಮೂದಿಸಿ. ಅರ್ಧ ಹಣವನ್ನು ಮುಂಗಡವಾಗಿ ಕೇಳಿ. ಇದರಿಂದ ಕೆಲವರು ಬೇರೆಯವರನ್ನು ಹುಡುಕಿಕೊಳ್ಳಬಹುದು, ಆ ಅಪಾಯವಂತೂ ಇದೆ. ಆದರೆ ಉಳಿದವರು ಕೊಡುವ ಹಣದಲ್ಲಿ ಕ್ಯಾಮೆರಾಕ್ಕೆ ಇನ್ನೊಬ್ಬರನ್ನು ಕರೆದೊಯ್ಯಬಹುದು. ಇಂತಹ ಸಂಸ್ಥೆಗಳು ವೃತ್ತಿ ಶುಲ್ಕದಲ್ಲಿ ಸಾಮಾನ್ಯವಾಗಿ ಶೇಕಡಾ 10ರಷ್ಟು ತೆರಿಗೆ ಹಿಡಿದು ಕೊಡುತ್ತವೆ. ರಿಟರ್ನ್ ಸಲ್ಲಿಸದೆ ಅದನ್ನು ಅಲ್ಲೇ ಬಿಟ್ಟಿದ್ದರೆ ಲೆಕ್ಕಪರಿಶೋಧಕರನ್ನು ಕಾಣಿ. ವರ್ಷದ ಆದಾಯ 20 ಲಕ್ಷ ದಾಟುವವರೆಗೆ ಜಿಎಸ್‌ಟಿ ನೋಂದಣಿಯ ಚಿಂತೆ ಸಾಮಾನ್ಯವಾಗಿ ಬೇಡ.

ಇನ್ನೊಂದು ನಷ್ಟ ಚಿತ್ರಕ್ಕೇ ಆಗುವಂಥದ್ದು. ಬರೆದವರು, ತೆಗೆದವರು, ಕತ್ತರಿಸಿದವರು ಒಬ್ಬರೇ ಆದಾಗ ಎದುರು ಮಾತಾಡುವವರೇ ಇರುವುದಿಲ್ಲ. ನಿಮ್ಮ ಕೌದಿಯ ಚಿತ್ರದಲ್ಲಿ ಮಳೆಯ ಊರಿನ ದೀರ್ಘ ಶಾಟ್ ಒಂದಿದೆ. ನೋಡಲು ಸೊಗಸಾಗಿದೆ. ಆದರೆ ಅದಕ್ಕಿಂತ ಸ್ವಲ್ಪ ಮೊದಲು ವಯಸ್ಸಾದ ಹೆಂಗಸೊಬ್ಬರು ತೀರಿಹೋದ ಗಂಡನ ಧೋತರವನ್ನು ತುಂಡು ಮಾಡಿ ಕೌದಿಯ ಒಳಪದರಕ್ಕೆ ಸೇರಿಸುತ್ತಾ ‘ಇದು ಒಳಗಿರಲಿ, ಕಾಣೂದು ಬ್ಯಾಡ’ ಎನ್ನುತ್ತಾರೆ. ಪ್ರೇಕ್ಷಕರು ಆ ಮಾತಿನೊಳಗೆ ಇನ್ನೂ ಇರುವಾಗಲೇ ಮಳೆ ಬಂದು ಅವರನ್ನು ಹೊರಗೆ ಎಳೆಯುತ್ತದೆ. ಮಳೆಯಲ್ಲಿ ತೊಯ್ದುಕೊಂಡು ತೆಗೆದ ಶಾಟ್ ಅದು ಎಂಬುದು ನಿಮಗೆ ಗೊತ್ತು, ಆದ್ದರಿಂದ ತೆಗೆದುಹಾಕಲು ಮನಸ್ಸು ಬಂದಿಲ್ಲ. ಬೇರೆ ಸಂಕಲನಕಾರರಿದ್ದಿದ್ದರೆ ಅವರಿಗೆ ಮಳೆಯ ಹಂಗು ಇರುತ್ತಿರಲಿಲ್ಲ. ಸ್ವಂತ ಚಿತ್ರದ ಸಂಕಲನವನ್ನು ನೀವೇ ಮಾಡಿಕೊಂಡರೂ ಕೊನೆಯ ಕರಡನ್ನು ಹೊರಗಿನವರೊಬ್ಬರ ಕೈಗೆ ಕೊಡಿ, ಅದಕ್ಕೆ ಸಂಭಾವನೆಯನ್ನೂ ಕೊಡಿ. ಈ ಒಂದು ಖರ್ಚನ್ನು ಉಳಿಸಬಾರದು.

ಈಗ ಒಪ್ಪಂದದ ವಿಷಯ. ಈ ಪತ್ರದಲ್ಲಿ ನನಗೆ ಅತಿ ಹೆಚ್ಚು ಆತಂಕ ತಂದದ್ದು ಇದೇ, ಆದ್ದರಿಂದ ಸ್ವಲ್ಪ ವಿವರವಾಗಿ ಬರೆಯುತ್ತೇನೆ.

ನೀವು ಕಳುಹಿಸಿದ ಕರಡಿನ ಪ್ರಕಾರ ಜಗತ್ತಿನ ಎಲ್ಲ ಪ್ರದೇಶಗಳಿಗೆ, ಈಗಿರುವ ಮತ್ತು ಮುಂದೆ ಬರಬಹುದಾದ ಎಲ್ಲ ಮಾಧ್ಯಮಗಳಿಗೆ, ಮರುನಿರ್ಮಾಣವೂ ಸೇರಿದಂತೆ ಎಲ್ಲ ಹಕ್ಕುಗಳನ್ನು ಶಾಶ್ವತವಾಗಿ ಕಂಪನಿಗೆ ಬರೆದುಕೊಡಬೇಕು. ಬಂದ ಆದಾಯದಲ್ಲಿ ಅವರ ‘ವೆಚ್ಚ’ ಕಳೆದು ಉಳಿದದ್ದರಲ್ಲಿ ನಿಮಗೆ ಪಾಲು. ವೆಚ್ಚಕ್ಕೆ ಮಿತಿಯಿಲ್ಲ, ಲೆಕ್ಕ ತೋರಿಸುವ ಅವಧಿಯಿಲ್ಲ. ಭಾರತದ ಹಕ್ಕುಸ್ವಾಮ್ಯ ಕಾಯ್ದೆ, 1957ರ ಪ್ರಕಾರ ಚಲನಚಿತ್ರದ ಹಕ್ಕುಸ್ವಾಮ್ಯ ಪ್ರಕಟಣೆಯ ನಂತರ 60 ವರ್ಷ ಇರುತ್ತದೆ. ಶಾಶ್ವತ ಎಂದು ಬರೆದುಕೊಟ್ಟರೆ ಅಷ್ಟೂ ವರ್ಷ ಹೋಯಿತು. ಅದೇ ಕಾಯ್ದೆ ನಿಮ್ಮಂಥವರಿಗೆ ಕೆಲವು ರಕ್ಷಣೆಗಳನ್ನು ಕೊಟ್ಟಿದೆ. ಒಪ್ಪಂದದಲ್ಲಿ ಅವಧಿ ಹೇಳಿರದಿದ್ದರೆ ಅದನ್ನು ಐದು ವರ್ಷ ಎಂದು ಎಣಿಸಬೇಕು. ಪ್ರದೇಶ ಹೇಳಿರದಿದ್ದರೆ ಭಾರತಕ್ಕೆ ಮಾತ್ರ. ಹಕ್ಕು ಪಡೆದವರು ಒಂದು ವರ್ಷದೊಳಗೆ ಅದನ್ನು ಬಳಸದಿದ್ದರೆ ಹಕ್ಕು ಮರಳುತ್ತದೆ. ಆದರೆ ಒಪ್ಪಂದದಲ್ಲಿ ಬೇರೆ ರೀತಿ ಬರೆದಿದ್ದರೆ ಈ ಯಾವ ರಕ್ಷಣೆಯೂ ಸಿಗುವುದಿಲ್ಲ. ನಿಮ್ಮ ಕರಡಿನಲ್ಲಿ ಅವಧಿ, ಪ್ರದೇಶ, ಬಳಕೆ ಮೂರಕ್ಕೂ ಬೇರೆ ರೀತಿಯೇ ಬರೆಯಲಾಗಿದೆ. ಕರಡು ಬರೆದವರಿಗೆ ಕಾಯ್ದೆ ಚೆನ್ನಾಗಿ ಗೊತ್ತು.

ಕಂಪನಿಗೆ ಪತ್ರ ಬರೆದು, ಹಕ್ಕನ್ನು ಪೂರ್ತಿ ಕೊಡದೆ ಪರವಾನಗಿ ಮಾತ್ರ ಕೊಡುತ್ತೇನೆ, ಅದೂ ಎರಡು ಅಥವಾ ಮೂರು ವರ್ಷಕ್ಕೆ, ಒಟಿಟಿ ಪ್ರಸಾರಕ್ಕಷ್ಟೇ ಎಂದು ತಿಳಿಸಿ. ಒಂದು ವರ್ಷದೊಳಗೆ ಪ್ರಸಾರವಾಗದಿದ್ದರೆ ಪರವಾನಗಿ ತಾನಾಗಿ ರದ್ದಾಗಬೇಕು, ವೆಚ್ಚಕ್ಕೆ ಮೇಲ್ಮಿತಿ ಇರಬೇಕು, ಆರು ತಿಂಗಳಿಗೊಮ್ಮೆ ಲೆಕ್ಕ ಬರಬೇಕು ಎಂದೂ ಸೇರಿಸಿ. ಚಿತ್ರೋತ್ಸವ, ಶಾಲಾ ಕಾಲೇಜು, ಗ್ರಂಥಾಲಯ ಪ್ರದರ್ಶನಗಳು ನಿಮ್ಮ ಬಳಿಯೇ ಇರಲಿ. ಅವರು ಒಪ್ಪದೆ ಹೋಗಬಹುದು. ಹೋದರೆ ಹೋಗಲಿ, ಚಿತ್ರ ನಿಮ್ಮಲ್ಲಿ ಉಳಿಯುತ್ತದೆ.

ಆದರೆ ಅದಕ್ಕಿಂತ ಮೊದಲು ಒಂದು ತೊಡಕನ್ನು ಬಿಡಿಸಿಕೊಳ್ಳಬೇಕು. ಕೌದಿ ಚಿತ್ರದ ಸ್ವಲ್ಪ ಭಾಗವನ್ನು ಸಂಸ್ಥೆಯೊಂದರ ಕೆಲಸಕ್ಕೆ ಹೋದಾಗ ಚಿತ್ರೀಕರಿಸಿದ್ದಾಗಿ ಒಂದೇ ಸಾಲಿನಲ್ಲಿ ಬರೆದು ಮುಂದೆ ಹೋಗಿದ್ದೀರಿ. ಹಣ ಕೊಟ್ಟು ತಮಗಾಗಿ ಚಿತ್ರ ಮಾಡಿಸಿಕೊಂಡವರೇ, ಬೇರೆ ಒಪ್ಪಂದ ಇಲ್ಲದಿದ್ದಲ್ಲಿ, ಅದರ ಮೊದಲ ಹಕ್ಕುದಾರರು ಎನ್ನುತ್ತದೆ ಕಾಯ್ದೆ. ಕ್ಯಾಮೆರಾ ನಿಮ್ಮದೇ, ದುಡಿಮೆ ನಿಮ್ಮದೇ, ಹಾರ್ಡ್ ಡಿಸ್ಕ್ ಕೂಡ ನಿಮ್ಮ ಕಪಾಟಿನಲ್ಲೇ ಇದ್ದರೂ ಆ ದೃಶ್ಯಗಳನ್ನು ಸಂಸ್ಥೆ ತನ್ನದೆಂದು ಹೇಳಲು ಎಡೆಯಿದೆ. ಮುಂಬೈ ಕಂಪನಿಯ ಕರಡಿನಲ್ಲೋ, ಚಿತ್ರದ ಎಲ್ಲ ಹಕ್ಕುಗಳೂ ನಿಮ್ಮವೇ ಎಂದು ನೀವು ಖಾತ್ರಿ ಕೊಡುವ ಷರತ್ತಿದೆ. ನಾಳೆ ತಕರಾರು ಬಂದರೆ ಪರಿಹಾರ ಕಟ್ಟಿಕೊಡುವವರು ನೀವೇ. ಈ ವಾರವೇ ಸಂಸ್ಥೆಗೆ ಹೋಗಿ, ಇಂತಿಂಥ ದೃಶ್ಯಗಳನ್ನು ಬಳಸಲು ಒಪ್ಪಿಗೆಯಿದೆ ಎಂಬ ಪತ್ರವನ್ನು ಅಧಿಕೃತರ ಸಹಿಯೊಂದಿಗೆ ಪಡೆಯಿರಿ. ನಿಮ್ಮ ಅವರ ಸಂಬಂಧ ಚೆನ್ನಾಗಿದೆ ಎಂದು ಬರೆದಿದ್ದೀರಿ, ಆದ್ದರಿಂದ ಈಗ ಕೇಳುವುದೇ ಸರಿ. ಚಿತ್ರಕ್ಕೆ ಹೆಸರು ಬಂದ ಮೇಲೆ ಕೇಳಿದರೆ ಒಪ್ಪಿಗೆಗೆ ಬೆಲೆ ಬಂದಿರುತ್ತದೆ. ಚಿತ್ರದಲ್ಲಿರುವ ಹೆಂಗಸರ ಲಿಖಿತ ಒಪ್ಪಿಗೆಯೂ ಇರಲಿ. ಓದಲು ಬಾರದವರಿಗೆ ಅವರ ಮಾತಿನಲ್ಲೇ ಓದಿ ಹೇಳಿ, ಅದನ್ನು ಕ್ಯಾಮೆರಾದಲ್ಲಿ ಹಿಡಿದಿಟ್ಟುಕೊಳ್ಳಿ. ಚಿತ್ರದ ನಡುವೆ ಹಳೆಯ ಕ್ಯಾಸೆಟ್ಟಿನ ಬೀಸುವ ಕಲ್ಲಿನ ಪದವೊಂದನ್ನು ಬಳಸಿದ್ದೀರಿ. ಹಾಡು ಜನಪದದ್ದೇ ಇರಬಹುದು, ಆದರೆ ಆ ಧ್ವನಿಮುದ್ರಣಕ್ಕೆ ಪ್ರತ್ಯೇಕ ಹಕ್ಕಿದೆ. ಅದೇ ಹೆಂಗಸರಿಂದ ಮತ್ತೆ ಹಾಡಿಸಿ ಧ್ವನಿಮುದ್ರಿಸಿಕೊಳ್ಳಿ. ಧ್ವನಿ ನಿಮ್ಮದೇ ಕಸುಬು, ಚಿತ್ರಕ್ಕೂ ಅದೇ ಒಪ್ಪುತ್ತದೆ.

ಕಥೆಯ ವಿಷಯಕ್ಕೂ ಇದೇ ಮಾತು. ‘ಧಾರಾಳವಾಗಿ ಮಾಡಮ್ಮ’ ಎಂದ ಆ ಹಿರಿಯರ ಮನಸ್ಸು ದೊಡ್ಡದು, ಸಂಶಯವಿಲ್ಲ. ಆದರೆ ಹಕ್ಕಿನ ವರ್ಗಾವಣೆ ಬರಹದಲ್ಲಿ, ಸಹಿಯೊಂದಿಗೆ ಇದ್ದರೆ ಮಾತ್ರ ಸಿಂಧು. ಲೇಖಕರು 1998ರಲ್ಲಿ ತೀರಿಕೊಂಡಿದ್ದರೆ ಅವರ ಕೃತಿಗಳ ಹಕ್ಕು 2058ರ ಕೊನೆಯವರೆಗೆ ವಾರಸುದಾರರದು. ಮಗನೊಬ್ಬರೇ ವಾರಸುದಾರರೇ, ಹೆಣ್ಣುಮಕ್ಕಳೂ ಇದ್ದಾರೆಯೇ, ಹಕ್ಕನ್ನು ಹಿಂದೆ ಯಾರಿಗಾದರೂ ಬರೆದುಕೊಟ್ಟಿದ್ದಾರೆಯೇ ಎಂಬುದನ್ನು ವಿಚಾರಿಸಿ. ಎಲ್ಲ ವಾರಸುದಾರರ ಸಹಿಯಿರುವ ಪತ್ರ ಬೇಕು. ಒಮ್ಮೆಗೇ ದೊಡ್ಡ ಮೊತ್ತ ಕೊಡಲಾಗದಿದ್ದರೆ ಸಣ್ಣ ಮೊತ್ತ ಕೊಟ್ಟು ಎರಡು ವರ್ಷಗಳ ಕಾಲ ಕಥೆಯನ್ನು ನಿಮಗಾಗಿ ಕಾಯ್ದಿರಿಸಿಕೊಳ್ಳುವ ಪದ್ಧತಿಯಿದೆ. ಚಿತ್ರ ಆರಂಭವಾದಾಗ ಉಳಿದದ್ದನ್ನು ಕೊಟ್ಟರಾಯಿತು. ಈ ಕಾಗದವಿಲ್ಲದೆ ಚಿತ್ರಕಥೆಯ ಎರಡನೆಯ ಕರಡಿಗೂ ಕೈಹಾಕಬೇಡಿ. ಚಿತ್ರೀಕರಣ ಮುಗಿದ ಮೇಲೆ ದಾಯಾದಿಯೊಬ್ಬರು ಬಂದು ನಿಂತು, ವರ್ಷಗಟ್ಟಲೆ ತೆರೆ ಕಾಣದೆ ಉಳಿದ ಚಿತ್ರವನ್ನು ನಾನು ಕಣ್ಣಾರೆ ಕಂಡಿದ್ದೇನೆ.

ಇನ್ನು 25 ಲಕ್ಷದ ಲೆಕ್ಕ. ‘ಕಡಿಮೆ ಖರ್ಚಿನಲ್ಲಿ ಮಾಡಿ ಗೆದ್ದವರಿದ್ದಾರಲ್ಲ’ ಎಂದು ರಾಬರ್ಟ್ ರಾಡ್ರಿಗಸ್ ಅವರ ಉದಾಹರಣೆ ಕೊಟ್ಟಿದ್ದೀರಿ. 1992ರ ‘ಎಲ್ ಮರಿಯಾಚಿ’ಯನ್ನು ಏಳು ಸಾವಿರ ಡಾಲರಿಗೆ ತೆಗೆದರೆಂಬುದು ಪ್ರಸಿದ್ಧ. ಆದರೆ ಆ ಚಿತ್ರವನ್ನು ಕೊಲಂಬಿಯಾ ಸಂಸ್ಥೆ ಕೊಂಡ ಮೇಲೆ ಚಿತ್ರಮಂದಿರಕ್ಕೆ ತಕ್ಕ ಪ್ರತಿ ಮಾಡಿಸಲು, ಧ್ವನಿ ಸರಿಪಡಿಸಲು, ಪ್ರಚಾರಕ್ಕೆ ಅದರ ಅನೇಕ ಪಟ್ಟು ಸುರಿಯಿತು. ಏಳು ಸಾವಿರದ ಕಥೆ ಹೇಳುವವರು ಈ ಎರಡನೆಯ ಅಧ್ಯಾಯವನ್ನು ಹೇಳುವುದಿಲ್ಲ. ಇಲ್ಲಿಯೂ ಅಷ್ಟೇ. ಹೊಸಬರು ಇರುವ ಹಣವನ್ನೆಲ್ಲ ಚಿತ್ರೀಕರಣದ ಕೊನೆಯ ದಿನಕ್ಕೆ ಮುಗಿಸಿರುತ್ತಾರೆ. ಆಮೇಲೆ ಧ್ವನಿ ವಿನ್ಯಾಸ, ಮಿಕ್ಸಿಂಗ್, ಬಣ್ಣ ಹೊಂದಿಸುವುದು, ಹಿನ್ನೆಲೆ ಸಂಗೀತ, ಉಪಶೀರ್ಷಿಕೆ, ಸೆನ್ಸಾರ್ ಶುಲ್ಕ, ಚಿತ್ರಮಂದಿರಕ್ಕೆ ಡಿಜಿಟಲ್ ಪ್ರತಿ, ಆ ಪ್ರತಿಯನ್ನು ಚಿತ್ರಮಂದಿರಗಳಿಗೆ ತಲುಪಿಸುವ ಕ್ಯೂಬ್ ಮತ್ತು ಯುಎಫ್‌ಒ ಕಂಪನಿಗಳಿಗೆ ಕಟ್ಟಬೇಕಾದ ಹಣ, ಪೋಸ್ಟರು, ಪ್ರಚಾರ ಸಾಲುಗಟ್ಟಿ ನಿಲ್ಲುತ್ತವೆ. ಒಟ್ಟು ಹಣದ ಮೂರನೇ ಒಂದು ಭಾಗವನ್ನಾದರೂ ಚಿತ್ರೀಕರಣದ ನಂತರಕ್ಕೆ ಬೇರೆ ಖಾತೆಯಲ್ಲಿ ಇಡಿ ಎಂದು ನನ್ನ ಬಳಿ ಬಂದವರಿಗೆಲ್ಲ ಹೇಳುತ್ತೇನೆ. ಅಂದರೆ ನಿಮ್ಮ ಚಿತ್ರೀಕರಣಕ್ಕೆ ಉಳಿಯುವುದು ಸುಮಾರು 16 ಲಕ್ಷ. ನಿಮ್ಮ ಕಥೆ 1970ರ ದಶಕದ್ದು, ಅದರಲ್ಲಿ ಜಾತ್ರೆಯಿದೆ, ರೈಲು ನಿಲ್ದಾಣವಿದೆ. ಸ್ನೇಹಿತರೆಲ್ಲ ಸಂಬಳವಿಲ್ಲದೆ ಬಂದರೂ ಊಟ, ವಸತಿ, ಬಾಟಾ (ದಿನಭತ್ಯೆ), ವಾಹನಕ್ಕೆ ಕೊಡಲೇಬೇಕು. ಕೊಡದೆ ದುಡಿಸಿಕೊಳ್ಳಬಾರದು ಕೂಡ. ಆ ಕಥೆ ಈ ಹಣಕ್ಕೆ ಆಗುವುದಿಲ್ಲ.

ಹಣ ಮರಳುವ ದಾರಿಗಳನ್ನೂ ನೋಡೋಣ. ಒಟಿಟಿಯವರು ಕೊಳ್ಳುತ್ತಾರೆ ಎಂಬ ಭರವಸೆಯ ಮೇಲೆ ಇಂದು ಕನ್ನಡದ ಸಣ್ಣ ಚಿತ್ರವನ್ನು ಆರಂಭಿಸುವಂತಿಲ್ಲ. ರಕ್ಷಿತ್ ಶೆಟ್ಟಿಯವರ ಸಂಸ್ಥೆಯಂಥದ್ದು ಕೈಜೋಡಿಸಿದ್ದ ‘ಏಕಂ’ ಸರಣಿಗೇ ವೇದಿಕೆ ಸಿಗದೆ 2024ರಲ್ಲಿ ಅದನ್ನು ತಮ್ಮದೇ ಜಾಲತಾಣದಲ್ಲಿ ಬಿಡುಗಡೆ ಮಾಡಬೇಕಾಯಿತು. ರಾಜ್ಯ ಸರ್ಕಾರದ ಸಹಾಯಧನ ಒಳ್ಳೆಯ ವ್ಯವಸ್ಥೆ, ಅರ್ಜಿ ಹಾಕಲೇಬೇಕು. ಆದರೆ ಅದು ಚಿತ್ರ ಮುಗಿದು, ಸೆನ್ಸಾರ್ ಆಗಿ, ಆಯ್ಕೆಯಾದ ಮೇಲೆ ಬರುವ ಹಣ, ಬರಲು ಕಾಲವೂ ಹಿಡಿಯುತ್ತದೆ. ಸಾಲದ ಕಂತನ್ನು ಅದರ ಮೇಲೆ ನಿಲ್ಲಿಸಬೇಡಿ. ಚಿತ್ರೋತ್ಸವಗಳು ಗೌರವ ಕೊಡುತ್ತವೆ, ಪರಿಚಯ ಕೊಡುತ್ತವೆ, ಹಲವು ಕಡೆ ಪ್ರವೇಶ ಶುಲ್ಕ ಕೇಳುತ್ತವೆ. ಕನ್ನಡದ ‘ತಿಥಿ’ ಚಿತ್ರ 2015ರ ಆಗಸ್ಟಿನಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಎರಡು ಪ್ರಶಸ್ತಿ ಗೆದ್ದಿತು. ಕರ್ನಾಟಕದ ಚಿತ್ರಮಂದಿರಕ್ಕೆ ಬಂದದ್ದು 2016ರ ಮೇ ತಿಂಗಳಲ್ಲಿ. ಅಷ್ಟು ದೊಡ್ಡ ಗೆಲುವಿನ ನಂತರವೂ ಒಂಬತ್ತು ತಿಂಗಳ ದಾರಿಯಿತ್ತು. ನಿಮ್ಮಲ್ಲಿ ಆ ಒಂಬತ್ತು ತಿಂಗಳಿಗೆ ಮನೆಯ ಖರ್ಚು ಎಲ್ಲಿಂದ ಬರುತ್ತದೆ ಎಂದು ಮೊದಲು ಬರೆದಿಟ್ಟುಕೊಳ್ಳಿ.

ಆ ನಿವೇಶನ ಅಪ್ಪನ ನಿವೃತ್ತಿಯ ನಂತರದ ಏಕೈಕ ಆಸ್ತಿ ಎಂದೂ ಬರೆದಿದ್ದೀರಿ. ತಮ್ಮ ಸಿಟ್ಟಾಗಿರುವುದು ನಿಮ್ಮ ಚಿತ್ರದ ಮೇಲಲ್ಲ ಎಂದು ನನಗನ್ನಿಸುತ್ತದೆ. ಅಪ್ಪ ಅಮ್ಮನ ಮುಂದಿನ ದಿನಗಳಿಗೆ ಏನು ಉಳಿಯುತ್ತದೆ ಎಂಬ ಪ್ರಶ್ನೆಯನ್ನು ಆ ಮನೆಯಲ್ಲಿ ಅವನೊಬ್ಬನೇ ಕೇಳುತ್ತಿದ್ದಾನೆ. ಅವನ ಬಳಿ ಕುಳಿತು ಮಾತಾಡಿ. ಸತ್ಯಜಿತ್ ರೇ ಹೆಂಡತಿಯ ಒಡವೆ ಒತ್ತೆಯಿಟ್ಟು ‘ಪಥೇರ್ ಪಾಂಚಾಲಿ’ ಮಾಡಿದರು ಎಂಬ ಕಥೆಯನ್ನು ಎಲ್ಲ ಹೊಸ ನಿರ್ದೇಶಕರೂ ಹೇಳುತ್ತಾರೆ. ಆ ಚಿತ್ರ ಮುಗಿಯಲು ಸುಮಾರು ಮೂರು ವರ್ಷ ಹಿಡಿಯಿತು, ಕೊನೆಗೆ ಪಶ್ಚಿಮ ಬಂಗಾಳ ಸರ್ಕಾರ ಹಣ ಕೊಟ್ಟಿತು, ಅಷ್ಟೂ ದಿನ ರೇ ಜಾಹೀರಾತು ಸಂಸ್ಥೆಯ ಕೆಲಸ ಬಿಟ್ಟಿರಲಿಲ್ಲ. ಅನುಸರಿಸುವುದಾದರೆ ಆ ಕೊನೆಯ ಭಾಗವನ್ನು ಅನುಸರಿಸಿ.

ಹಾಗಾದರೆ ಯಾವ ದಾರಿ? ಜನರಿಂದ ಹಣ ಕೂಡಿಸುವುದು ಒಂದು. ‘ಲೂಸಿಯಾ’ ನಂತರ 2023ರಲ್ಲಿ ತೇಜಸ್ವಿಯವರ ಕಥೆಯನ್ನು ಆಧರಿಸಿದ ‘ಡೇರ್‌ಡೆವಿಲ್ ಮುಸ್ತಾಫಾ’ ಕೂಡ ತೇಜಸ್ವಿ ಓದುಗರ ಹಣದಿಂದಲೇ ತಯಾರಾಯಿತು. ನಿಮ್ಮ ಲೇಖಕರಿಗೂ ನಿಷ್ಠಾವಂತ ಓದುಗರಿದ್ದಾರೆ, ಆದ್ದರಿಂದ ಈ ದಾರಿ ನಿಮಗೆ ಹೊಂದಬಹುದು. ಅಪಾಯ ಎಲ್ಲಿದೆಯೆಂದರೆ, ಲಾಭದ ಪಾಲು ಕೊಡುತ್ತೇನೆಂದು ಸಾರ್ವಜನಿಕರಿಂದ ಹಣ ಪಡೆಯುವುದಕ್ಕೆ ಕಾನೂನಿನ ಕಟ್ಟುಪಾಡುಗಳಿವೆ. ಖಾಸಗಿ ಕಂಪನಿ ಮಾಡಿ ಷೇರು ಕೊಡುವುದಾದರೂ ಆರ್ಥಿಕ ವರ್ಷವೊಂದರಲ್ಲಿ 200 ಜನರಿಗಿಂತ ಹೆಚ್ಚಿನವರಿಗೆ ಕೊಡುವಂತಿಲ್ಲ. ಲೆಕ್ಕಪರಿಶೋಧಕರ ಸಲಹೆಯಿಲ್ಲದೆ ವಾಟ್ಸ್ಆ್ಯಪ್ ಗುಂಪಿನಲ್ಲಿ ಕ್ಯೂಆರ್ ಕೋಡ್ ಹಾಕಬೇಡಿ. ಪ್ರತಿಫಲದ ಮಾತಿಲ್ಲದ ದೇಣಿಗೆಯಾದರೆ ತೊಡಕು ಕಡಿಮೆ, ಆದರೂ ಲೆಕ್ಕ ಮಾತ್ರ ಪಾರದರ್ಶಕವಾಗಿರಬೇಕು.

ಸಹನಿರ್ಮಾಪಕರನ್ನು ಹುಡುಕುವುದು ಇನ್ನೊಂದು ದಾರಿ, ನನಗೆ ಹೆಚ್ಚು ನಂಬಿಕೆ ಇರುವುದೂ ಇದರಲ್ಲೇ. ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ (ಎನ್‌ಎಫ್‌ಡಿಸಿ) ಪ್ರತಿ ವರ್ಷ ಗೋವಾದಲ್ಲಿ ನಡೆಸುವ ಫಿಲಂ ಬಜಾರ್‌ನಲ್ಲಿ (2025ರಿಂದ ‘ವೇವ್ಸ್ ಫಿಲಂ ಬಜಾರ್’) ಚಿತ್ರಕಥೆಯ ಹಂತದಲ್ಲಿರುವ ಯೋಜನೆಗಳಿಗೂ ಅರ್ಧ ಮುಗಿದ ಚಿತ್ರಗಳಿಗೂ ಬೇರೆ ಬೇರೆ ವಿಭಾಗಗಳಿವೆ. ಸಾಕ್ಷ್ಯಚಿತ್ರಗಳಿಗೆ ಮುಂಬೈ ಮತ್ತು ಕೇರಳದ ಉತ್ಸವಗಳಿವೆ. ಬೆಂಗಳೂರಿನ ಇಂಡಿಯಾ ಫೌಂಡೇಷನ್ ಫಾರ್ ದಿ ಆರ್ಟ್ಸ್ ಕಲೆಯ ಕುರಿತ ಯೋಜನೆಗಳಿಗೆ ಅನುದಾನ ಕೊಡುತ್ತದೆ, ಕೌದಿಯಂತಹ ವಿಷಯ ಅಲ್ಲಿಗೆ ಸಲ್ಲುತ್ತದೆ. ಆದ್ದರಿಂದ ಮೊದಲು ಕೌದಿಯ ಚಿತ್ರವನ್ನು ಕಾಗದಪತ್ರ ಸಮೇತ ಪೂರ್ತಿಗೊಳಿಸಿ. ಉತ್ಸವಗಳ ಸುತ್ತು ಮುಗಿಯುವವರೆಗೆ ಯೂಟ್ಯೂಬಿಗೆ ಹಾಕಬೇಡಿ, ಮೊದಲ ಪ್ರದರ್ಶನವೇ ಬೇಕೆನ್ನುವ ಉತ್ಸವಗಳು ಹಲವಿವೆ. ಅದು ತಿರುಗಾಡುತ್ತಿರುವಾಗಲೇ ವರ್ಷದಲ್ಲಿ ಎರಡು ಮೂರು ಚಿತ್ರಗಳಿಗೆ ಧ್ವನಿಗ್ರಹಣಕ್ಕೆ ಹೋಗಿ. ಇನ್ನೊಬ್ಬರ ಸೆಟ್ಟಿನಲ್ಲಿ ಹೆಡ್‌ಫೋನ್ ಹಾಕಿಕೊಂಡು ನಿಂತಾಗ ನಿರ್ದೇಶಕರು ನಟರಿಗೆ ಪಿಸುಗುಡುವ ಮಾತೂ ನಿಮ್ಮ ಕಿವಿಗೆ ಬೀಳುತ್ತದೆ. ಅಷ್ಟು ಹತ್ತಿರದ ಪಾಠ ಬೇರೆಲ್ಲೂ ಸಿಗದು. ಕಥೆಯ ಹಕ್ಕು ಕೈಗೆ ಬಂದ ಮೇಲೆ ಚಿತ್ರಕಥೆ ಬರೆದು, ರೈಲು ನಿಲ್ದಾಣ ಮತ್ತು ಜಾತ್ರೆಯನ್ನು ಬಿಟ್ಟು ಮನೆಯೊಳಗೆ ನಡೆಯುವ ಒಂದೇ ದೃಶ್ಯವನ್ನು ಹತ್ತು ನಿಮಿಷಕ್ಕೆ ಚಿತ್ರೀಕರಿಸಿ. ಅದಕ್ಕೆ ಬೇಕಾಗುವ ಹಣ ನಿಮ್ಮ ದುಡಿಮೆಯಿಂದಲೇ ಬರುತ್ತದೆ. ಸಹನಿರ್ಮಾಪಕರ ಮುಂದೆ ಇಡಬೇಕಾದದ್ದು ಆ ಹತ್ತು ನಿಮಿಷ.

ಈ ದಾರಿಯಲ್ಲಿ ಎರಡು ಮೂರು ವರ್ಷ ಕಳೆಯಬಹುದು, ಅಷ್ಟಾಗಿಯೂ ಸಹನಿರ್ಮಾಪಕರು ಸಿಗದೆ ಇರಬಹುದು. ಅದನ್ನು ಮುಚ್ಚಿಡುವುದಿಲ್ಲ. ಹಾಗಾದರೂ ನಿಮ್ಮ ಕೈಯಲ್ಲಿ ಒಂದು ಮುಗಿದ ಸಾಕ್ಷ್ಯಚಿತ್ರ, ಅದರ ಹಕ್ಕು, ಗುರುತಿಸಿ ಕರೆಯುವ ಕಸುಬು ಇರುತ್ತವೆ, ಅಪ್ಪನ ನಿವೇಶನವೂ ಇರುತ್ತದೆ. ನಿವೇಶನ ಮಾರಿ ಚಿತ್ರ ನಿಂತುಹೋದರೆ ಈ ನಾಲ್ಕರಲ್ಲಿ ಎಷ್ಟು ಉಳಿಯುತ್ತವೆ ಎಂದು ನೀವೇ ಲೆಕ್ಕ ಹಾಕಿ. ಅಪ್ಪ ಸಹಾಯ ಮಾಡಲೇಬೇಕೆಂದು ಹಟ ಹಿಡಿದರೆ ಅವರು ಕಳೆದುಕೊಂಡರೂ ನಿದ್ದೆ ಕೆಡದಷ್ಟು ಸಣ್ಣ ಮೊತ್ತ ತೆಗೆದುಕೊಳ್ಳಿ. ಸಾಲವೋ ಪಾಲೋ ಎಂಬುದನ್ನು ಬರೆದಿಟ್ಟು ತಮ್ಮನಿಗೂ ಒಂದು ಪ್ರತಿ ಕೊಡಿ.

ಕೊನೆಯ ಪ್ರಶ್ನೆ, ಬೆಂಗಳೂರು. ‘ತಿಥಿ’ ನಡೆದದ್ದು ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನಲ್ಲಿ. ನಟೇಶ್ ಹೆಗಡೆ ‘ಪೆದ್ರೊ’ವನ್ನು ಉತ್ತರ ಕನ್ನಡದ ತಮ್ಮ ಊರಿನ ಸುತ್ತಲೇ, ತಮ್ಮ ತಂದೆಯನ್ನೇ ಮುಖ್ಯ ಪಾತ್ರಕ್ಕೆ ಹಾಕಿಕೊಂಡು ಮಾಡಿದರು. ಜೈಶಂಕರ್ ಆರ್ಯರ್ ಕೊಪ್ಪಳ ಜಿಲ್ಲೆಯ ಯರೇಹಂಚಿನಾಳಕ್ಕೆ ಹೋಗಿ ‘ಶಿವಮ್ಮ’ ಮಾಡಿದರು, 2022ರಲ್ಲಿ ದಕ್ಷಿಣ ಕೊರಿಯಾದ ಬೂಸಾನ್ ಚಿತ್ರೋತ್ಸವದ ಪ್ರಶಸ್ತಿ ಬಂದಿತು. ನಿಮ್ಮ ಕಥೆ, ಕೌದಿಯ ಹೆಂಗಸರು, ನಿಮ್ಮ ಕಿವಿಗೆ ಪಳಗಿದ ಮಾತು ಎಲ್ಲವೂ ಧಾರವಾಡದ ಸುತ್ತಲೇ ಇವೆ, ಮನೆ ಬಾಡಿಗೆಯೂ ಇಲ್ಲ. ಮಿಕ್ಸಿಂಗ್‌ಗೆ, ಬಣ್ಣ ಹೊಂದಿಸುವುದಕ್ಕೆ, ಧ್ವನಿಗ್ರಹಣದ ಕೆಲಸ ಸಿಕ್ಕಾಗ ಬೆಂಗಳೂರಿಗೆ ಬಂದು ಹೋಗಿ. ಇಲ್ಲಿ ಮನೆ ಹಿಡಿಯಲು ಸದ್ಯಕ್ಕೆ ನನಗೆ ಯಾವ ಕಾರಣವೂ ಕಾಣುತ್ತಿಲ್ಲ.